ಹೆಸರಲ್ಲೇ ಕೋಪವಿರುವ ತಿಂಡಿ

ಪಾಸಿರ್ ರಿಸ್
ಸಿಂಗಪುರ, 12 ಜನವರಿ 2025, ಭಾನುವಾರ

ಮೈಥಿಲಿ,

ನೀನು ನನ್ನನ್ನು ವಾಟ್ಸಾಪಿನಲ್ಲಿ ಬ್ಲಾಕ್ ಮಾಡಿ ಒಂದು ವರ್ಷ ಐದು ತಿಂಗಳಾಯಿತು. ಫೋನ್ ಮಾಡಿದರೆ ಒಂದೇ ಒಂದು ರಿಂಗ್ ಆಗಿ ಕಟ್ ಆಗುತ್ತದೆ. ಫೇಸ್‌ಬುಕ್ಕಿನಲ್ಲಿ ಹುಡುಕಿದರೆ ನೀನು ಈ ಭೂಮಿಯ ಮೇಲೆ ಹುಟ್ಟೇ ಇಲ್ಲ. ಆದರೆ ಪೋಸ್ಟ್‌ಮ್ಯಾನನ್ನು ಬ್ಲಾಕ್ ಮಾಡುವ ಬಟನ್ ಇನ್ನೂ ಬಂದಿಲ್ಲ ನೋಡು, ಅದಕ್ಕೇ ಸ್ಟ್ಯಾಂಪು ಅಂಟಿಸಿ ಬರೆಯುತ್ತಿದ್ದೇನೆ. ಟೋವಾ ಪಾಯೋದ ನಿನ್ನ ವಿಳಾಸವನ್ನು ನಮ್ಮ ದಿಶಾ ನಿಮ್ಮ ಸಂಕೇತ್‌ನನ್ನು ಕೇಳಿ ತಂದಳು. ಮಕ್ಕಳಿಬ್ಬರು ಮಾತು ಬಿಟ್ಟಿಲ್ಲವಂತೆ. ಅವರನ್ನು ಬೈಯಬೇಡ, ಬೈಯುವುದಿದ್ದರೆ ನನ್ನನ್ನೇ ಬೈ. ಕೈಯಲ್ಲಿ ಕನ್ನಡ ಬರೆದು ಯಾವ ಕಾಲವಾಯಿತೋ, ತಪ್ಪಿದ್ದರೆ ತಿದ್ದಿಕೊ. ನಾನು ಹೇಳದಿದ್ದರೂ ನೀನು ತಿದ್ದುತ್ತೀಯ.

ವಿಷಯಕ್ಕೆ ಬರುತ್ತೇನೆ. ನಮ್ಮ ಬ್ಲಾಕಿನ ಮೂರನೇ ಮಹಡಿಯ ಮೇಡಂ ಚೂ ನೆನಪಿದ್ದಾರಲ್ಲ, ಲಿಫ್ಟಿನಲ್ಲಿ ನಿನ್ನ ಮಲ್ಲಿಗೆ ಮೂಸಿ ಆರು ಸಲ ಸೀನಿದವರು? ಅವರು ಮೇ ತಿಂಗಳಲ್ಲಿ ಕೆಳಗೆ ವಾಯ್ಡ್ ಡೆಕ್ಕಿನಲ್ಲಿ, ಬ್ಲಾಕಿನ ತಳದ ತೆರೆದ ಜಾಗದಲ್ಲಿ, ಒಂದು ಪಾರ್ಟಿ ಇಟ್ಟುಕೊಂಡಿದ್ದಾರೆ. ಎಲ್ಲರೂ ಅವರವರ ಊರಿನ ಅಡುಗೆ ತಂದರೆ ಏನು ಮಜಾ, ಚೀಟಿ ಎತ್ತಬೇಕು, ಯಾವ ದೇಶ ಬರುತ್ತದೋ ಆ ದೇಶದ್ದನ್ನು ಮನೆಯಲ್ಲೇ ಮಾಡಿ ತರಬೇಕು ಎಂದು ಹಟ ಹಿಡಿದರು. ಇಟಲಿ ಬರಲಪ್ಪಾ, ಒಂದು ಪಾಸ್ತಾ ಕುದಿಸಿ ಕೈ ತೊಳೆದುಕೊಳ್ಳುತ್ತೇನೆ ಎಂದು ಬೇಡಿಕೊಂಡು ಡಬ್ಬಕ್ಕೆ ಕೈ ಹಾಕಿದೆ. ಗ್ರೀಸ್ ಬಂತು. ಗ್ರೀಸಿನ ಬಗ್ಗೆ ನನಗೆ ಗೊತ್ತಿದ್ದದ್ದು ಅಲೆಕ್ಸಾಂಡರ್ ಒಬ್ಬ. ಅವನು ಏನು ತಿನ್ನುತ್ತಿದ್ದ ಎಂದು ನಮ್ಮ ಮೇಷ್ಟ್ರು ಹೇಳಿಕೊಡಲಿಲ್ಲ.

ದಿಶಾ ಫೋನಿನಲ್ಲಿ ಹುಡುಕಿ, "ಅಮ್ಮಾ, ವೆಜಿಟೇರಿಯನ್ ಅಂದ್ರೆ ಇದೇ ಬೆಸ್ಟ್ ಲಾ," ಎಂದು ಒಂದು ಪೈ ತೋರಿಸಿದಳು. ಪಾಲಕ್ ಸೊಪ್ಪು, ಫೆಟಾ ಅನ್ನುವ ಬಿಳಿ ಚೀಸು, ಎರಡನ್ನೂ ಕಲಸಿ ಕಾಗದದಷ್ಟು ತೆಳ್ಳಗಿನ ಹಿಟ್ಟಿನ ಹಾಳೆಗಳ ನಡುವೆ ಇಟ್ಟು ಓವನ್ನಿನಲ್ಲಿ ಬೇಯಿಸುವುದು. ಹೆಸರು ಸ್ಪನಕೋಪಿತ. ನಮ್ಮವರು ಪೇಪರಿನಿಂದ ತಲೆ ಎತ್ತಿ, "ಹೆಸರಲ್ಲೇ ಕೋಪಿತ ಅಂತ ಇದೆಯಲ್ಲೇ, ನಿನ್ನ ಫ್ರೆಂಡ್ ಮೈಥಿಲಿ ಕಂಡುಹಿಡಿದಿದ್ದಾ?" ಎಂದರು. ನಾನು ನಗಲಿಲ್ಲ. ಆಮೇಲೆ ಪಾತ್ರೆ ತೊಳೆಯುತ್ತಾ ನಕ್ಕೆ, ನಗುತ್ತಾ ಸ್ವಲ್ಪ ಅಳುವೂ ಬಂತು.

ಹಾಳೆಗಳು ಅಂಗಡಿಯಲ್ಲಿ ರೆಡಿ ಸಿಗುತ್ತವೆ. ಆದರೆ ನನ್ನ ಬಾಯಿ ನಿನಗೆ ಗೊತ್ತಲ್ಲ. "ಹಾಳೆಯನ್ನೂ ನಾನೇ ಮಾಡುತ್ತೇನೆ, ನಮ್ಮಲ್ಲಿ ಚಿರೋಟಿ ಅಂತ ಇದೆ, ಇದರಪ್ಪನಂಥ ಪದರ ಬರುತ್ತದೆ" ಎಂದು ಇಂಗ್ಲಿಷಿನಲ್ಲಿ ಮೇಡಂ ಚೂ ಮುಂದೆ ಕೊಚ್ಚಿಕೊಂಡು ಬಂದೆ. ಚಿರೋಟಿ ಲಟ್ಟಿಸುತ್ತಿದ್ದವಳು ನೀನು. ನಾನು ಮೇಲೆ ಸಕ್ಕರೆ ಪುಡಿ ಉದುರಿಸುತ್ತಿದ್ದವಳು. ದಯವಿಟ್ಟು ಹಾಳೆ ತೆಳ್ಳಗೆ ಬರುವುದು ಹೇಗೆ ಅಂತ ಎರಡು ಸಾಲು ಬರೆ. ಆ ಹಳೆಯದನ್ನೆಲ್ಲ ಬಿಡು ಮೈಥಿಲಿ, ಆಗಿದ್ದು ಆಗಿಹೋಯಿತು. ನಾನು ಒಳ್ಳೆಯದಕ್ಕೇ ಮಾಡಿದ್ದು.

ಇನ್ನೂ ನಿನ್ನ ಸ್ನೇಹಿತೆ ಎಂದುಕೊಂಡಿರುವ,
ಪದ್ಮಿನಿ


ಪಾಸಿರ್ ರಿಸ್
9 ಫೆಬ್ರವರಿ 2025

ಮೈಥಿಲಿ,

ಉತ್ತರ ಇಲ್ಲ. ಪತ್ರ ತಲುಪಿರಲಿಕ್ಕಿಲ್ಲ ಎಂದು ಸಮಾಧಾನ ಮಾಡಿಕೊಳ್ಳೋಣವೆಂದರೆ ಇದು ಸಿಂಗಪುರ, ತಲುಪಿಯೇ ಇರುತ್ತದೆ. ಇರಲಿ. ನಾನು ಬರೆಯುತ್ತೇನೆ, ನೀನು ಓದದಿದ್ದರೂ ಪರವಾಗಿಲ್ಲ.

ಇಲ್ಲಿ ಎಲ್ಲರೂ ಕ್ಷೇಮ, ಓವನ್ ಒಂದನ್ನು ಬಿಟ್ಟು. ನಿನ್ನೆ ಮೊದಲ ಸಲ ಮಾಡಿದೆ. ಸೂಪರ್‌ಮಾರ್ಕೆಟ್ಟಿನಲ್ಲಿ ಪ್ಯಾಕೆಟ್ಟಿನ ಮೇಲೆ ದಪ್ಪ ಅಕ್ಷರದಲ್ಲಿ 'ಸ್ಪಿನಾಚ್' ಎಂದಿತ್ತು, ನಾಲ್ಕು ಪ್ಯಾಕೆಟ್ ಎತ್ತಿಕೊಂಡು ಬಂದೆ. ಹೆಚ್ಚಲು ಕೂತಾಗ ಕೈಗೆ ದಂಟು ಸಿಕ್ಕಿತು, ಎಲೆಯ ನಡುವೆ ಕೆಂಪು. ಇಲ್ಲಿಯವರು ಬಯಾಮ್ ಅನ್ನುತ್ತಾರಲ್ಲ, ಅದು. ಅಯ್ಯೋ ಮೈಥಿಲಿ, ನಮ್ಮ ದಂಟಿನ ಸೊಪ್ಪು! ಇಪ್ಪತ್ತೆರಡು ವರ್ಷದಿಂದ ಈ ಊರಿನಲ್ಲಿ ಹುಳಿ ಮಾಡಿಕೊಂಡು ತಿಂದಿರುವ ದಂಟನ್ನು ಇಂಗ್ಲಿಷ್ ಚೀಟಿ ಅಂಟಿಸಿದ ತಕ್ಷಣ ಗುರುತು ಹಿಡಿಯದೆ ಹೋದೆ.

ಹೋಗಲಿ, ಸೊಪ್ಪು ಸೊಪ್ಪೇ ತಾನೇ ಎಂದು ಮುಂದುವರಿದೆ. ಅಬ್ಯಾಸಬಲ ನೋಡು, ಬಾಡಿಸುವಾಗ ಕೈ ತಾನಾಗಿ ಉಪ್ಪಿನ ಡಬ್ಬಕ್ಕೆ ಹೋಯಿತು. ಫೆಟಾ ಉಪ್ಪುನೀರಿನಲ್ಲಿ ಮುಳುಗೆದ್ದೇ ಬರುತ್ತದೆ ಎಂದು ನನಗೇನು ಗೊತ್ತು? ಸಾಸಿವೆ ಒಗ್ಗರಣೆಗೂ ಎಣ್ಣೆ ಇಟ್ಟಿದ್ದೆ. ದಿಶಾ ಓಡಿ ಬಂದು, "ಅಮ್ಮಾ, ಗ್ರೀಕ್ ಪೀಪಲ್ ಒಗ್ಗರಣೆ ಹಾಕಲ್ಲ ಲಾ!" ಎಂದು ಗ್ಯಾಸ್ ಆಫ್ ಮಾಡಿದಳು. ಹಾಳೆ ಎಂದು ನಾನು ಲಟ್ಟಿಸಿದ್ದು ಚಪಾತಿಗೂ ಅಕ್ಕನಂತಿತ್ತು. ಅರ್ಧ ಗಂಟೆಯಲ್ಲಿ ಟ್ರೇಯಿಂದ ಕೆಂಪು ನೀರು ಸೋರಿ ಓವನ್ನಿನ ತಳವೆಲ್ಲ ಹರಿದು, ಬಾಗಿಲು ತೆರೆದು ನೋಡಿದರೆ ಯಾರೋ ಯಾರನ್ನೋ ಒಳಗೆ ಕೊಚ್ಚಿ ಹಾಕಿದಂತಿತ್ತು.

ನಮ್ಮವರು ಒಂದು ತುಂಡು ತಿಂದು ಮೂರು ಲೋಟ ನೀರು ಕುಡಿದರು. "ಚೆನ್ನಾಗಿದೆ ಪದ್ಮಿನಿ. ಹುಳಿಸೊಪ್ಪನ್ನ ಚಪಾತಿಲಿ ಕಟ್ಟಿ ಸಮುದ್ರದಲ್ಲಿ ಅದ್ದಿದ ಹಾಗಿದೆ," ಎಂದರು. ನೀನಿದ್ದಿದ್ದರೆ ನಾನು ಉಪ್ಪಿನ ಡಬ್ಬ ಮುಟ್ಟುವ ಮೊದಲೇ ಕೈಗೆ ಒಂದು ಏಟು ಕೊಡುತ್ತಿದ್ದೆ. ಪಕ್ಕದ ನಿನ್ನ ಹಳೇ ಮನೆಯಲ್ಲಿ ಈಗ ಯಾರೋ ಡ್ರಮ್ಸ್ ಕಲಿಯುತ್ತಿದ್ದಾರೆ. ಗೋಡೆ ತಟ್ಟಿ ಕಾಫಿಗೆ ಕರೆಯುವ ನಮ್ಮ ಪದ್ಧತಿ ಅವರಿಗೆ ಗೊತ್ತಿಲ್ಲ. ನಾನು ಒಮ್ಮೆ ಮರೆತು ತಟ್ಟಿದೆ, ಡ್ರಮ್ಸ್ ನಿಲ್ಲಿಸಿ ಸಾರಿ ಎಂದರು.

ಪದ್ಮಿನಿ


ಟೋವಾ ಪಾಯೋ
14 ಫೆಬ್ರವರಿ 2025

ಪದ್ಮಿನಿ,

ಫೆಟಾ ಇರುವಾಗ ಉಪ್ಪು ಹಾಕಬಾರದು. ಸೊಪ್ಪು ಬಾಡಿಸಿ, ಆರಿಸಿ, ಬಟ್ಟೆಯಲ್ಲಿ ಕಟ್ಟಿ ಕೈ ನೋಯುವವರೆಗೆ ಹಿಂಡಬೇಕು. ಮೊಟ್ಟೆ ಹಾಕುವುದಿಲ್ಲವಾದ್ದರಿಂದ ಎರಡು ಚಮಚ ಚಿರೋಟಿ ರವೆ ಬೆರೆಸು, ಉಳಿದ ನೀರನ್ನು ಅದು ಕುಡಿಯುತ್ತದೆ.

'ಅಭ್ಯಾಸ'ಕ್ಕೆ ಮಹಾಪ್ರಾಣ.

ಮೈಥಿಲಿ


ಪಾಸಿರ್ ರಿಸ್
23 ಫೆಬ್ರವರಿ 2025

ಪ್ರೀತಿಯ ಮೈಥಿಲಿ,

ನಿನ್ನ ಕಾರ್ಡು ಬಂತು! ಲೆಟರ್ ಬಾಕ್ಸಿನ ಮುಂದೆಯೇ ನಿಂತು ಓದಿದೆ. ಬೈಗುಳ ಎಂದರೆ ಬೈಗುಳ, ಆದರೆ ನಿನ್ನದೇ ಅಕ್ಷರ. ಫ್ರಿಜ್ಜಿನ ಮೇಲೆ ಅಂಟಿಸಿದ್ದೇನೆ. ಅಭ್ಯಾಸ, ಅಭ್ಯಾಸ, ಅಭ್ಯಾಸ. ಸರಿಯಾಯಿತಾ?

ಈ ಸಲ ಲಿಟಲ್ ಇಂಡಿಯಾಗೆ ಹೋಗಿ ಎಲೆ ಎಲೆ ಮುಟ್ಟಿ ನೋಡಿ ಅಸಲಿ ಪಾಲಕ್ಕನ್ನೇ ತಂದೆ. ನೀನು ಹೇಳಿದ ಹಾಗೆ ನಮ್ಮವರ ಹಳೇ ಪಂಚೆಯಲ್ಲಿ ಕಟ್ಟಿ ಹಿಂಡಿದೆ. ಅರ್ಧ ಪಾತ್ರೆ ನೀರು ಬಂತು. ಪಂಚೆಗೆ ಈಗ ಹಸಿರು ಬಣ್ಣ, ಅವರಿಗೆ ಇನ್ನೂ ಗೊತ್ತಿಲ್ಲ. ರವೆಯೂ ಹಾಕಿದೆ. ಪೈ ಗಟ್ಟಿಯಾಗಿ ನಿಂತಿತು.

ಇನ್ನೊಂದು ದೊಡ್ಡ ಸುದ್ದಿ. ಇದಕ್ಕೆ ಡಿಲ್ ಅನ್ನುವ ಸೊಪ್ಪು ಹಾಕದೆ ಗ್ರೀಸಿನವರು ಮಾಡುವುದೇ ಇಲ್ಲವಂತೆ. ಅದೇನೋ ವಿದೇಶದ ಗಿಡವಿರಬೇಕು ಎಂದು ಹೆದರಿ ಹೆದರಿ ಒಂದು ಕಟ್ಟು ತಂದು ಬಿಚ್ಚಿದೆ. ವಾಸನೆ ಬಂತು ನೋಡು. ಸಬ್ಬಸಿಗೆ ಕಣೇ! ನಮ್ಮ ಸಬ್ಬಸಿಗೆ ಸೊಪ್ಪು! ನೀನು ಶನಿವಾರದ ನುಚ್ಚಿನುಂಡೆಗೆ ಹಾಕಿ ನನಗೆ ಎರಡು, ನಮ್ಮವರಿಗೆ ನಾಲ್ಕು ಕಳಿಸುತ್ತಿದ್ದೆಯಲ್ಲ, ಅದೇ. ಅಡುಗೆಮನೆಯಲ್ಲಿ ಒಬ್ಬಳೇ ಕಿರುಚಿದೆ. ಸಬ್ಬಸಿಗೆ ತಿನ್ನುವ ಗ್ರೀಸಿನವರು ಖಂಡಿತ ನಮ್ಮ ಕಡೆಯವರೇ ಇರಬೇಕು, ಯಾವುದೋ ಹಡಗು ತಪ್ಪಿಸಿಕೊಂಡು ಅಲ್ಲಿ ಉಳಿದಿದ್ದಾರೆ.

ಒಳಗಿನ ಹೂರಣ ಗೆದ್ದೆ. ಹಾಳೆಯೇ ಸೋಲಿಸುತ್ತಿದೆ. ತೆಳ್ಳಗೆ ಮಾಡಿದರೆ ಹರಿಯುತ್ತದೆ, ಹರಿಯದ ಹಾಗೆ ಮಾಡಿದರೆ ಹಪ್ಪಳದ ಮಣೆ. ನಿನ್ನ ಕೈಗುಣ ಒಂದಿಷ್ಟು ಕವರಿನಲ್ಲಿ ಹಾಕಿ ಕಳಿಸು.

ಅನಂತರಾಮ್ ಹೇಗಿದ್ದಾರೆ? ಕೆಲಸದ ವಿಷಯ ಏನಾಯಿತು? ಏನಾದರೂ ಸಿಕ್ಕಿತಾ? ನಮ್ಮ ಕನ್ನಡ ಗ್ರೂಪಿನಲ್ಲಿ ಎಲ್ಲರೂ ಕೇಳುತ್ತಿರುತ್ತಾರೆ.

ನಿನ್ನ,
ಪದ್ಮಿನಿ


ಟೋವಾ ಪಾಯೋ
16 ಮಾರ್ಚ್ 2025

ಪದ್ಮಿನಿ,

'ಗ್ರೂಪಿನಲ್ಲಿ ಎಲ್ಲರೂ ಕೇಳುತ್ತಿರುತ್ತಾರೆ' ಎಂದು ಬರೆದಿದ್ದೀಯ. ಅಲ್ಲಿಯವರೆಗೆ ನಗುತ್ತಾ ಓದುತ್ತಿದ್ದೆ. ಆ ಸಾಲು ಓದಿ ಪತ್ರವನ್ನು ಕಸದ ಬುಟ್ಟಿಗೆ ಹಾಕಿದೆ, ಸ್ವಲ್ಪ ಹೊತ್ತಿಗೆ ನಾನೇ ತೆಗೆದೆ. ಮೂರು ವಾರದಿಂದ ಉತ್ತರ ಬರೆದು ಬರೆದು ಹರಿದಿದ್ದೇನೆ. ಇದನ್ನು ಹರಿಯುವುದಿಲ್ಲ.

ನಿನಗೆ ಇನ್ನೂ ಅರ್ಥವಾಗಿಲ್ಲ, ಅದಕ್ಕೇ ಬಿಡಿಸಿ ಬರೆಯುತ್ತೇನೆ. 2023ರ ಆಗಸ್ಟ್ ಏಳು, ಸೋಮವಾರ. ಚಾಂಗಿ ಬಿಸಿನೆಸ್ ಪಾರ್ಕಿನ ಆಫೀಸಿನಲ್ಲಿ ಮಧ್ಯಾಹ್ನ ಊಟ ಮುಗಿಸಿ ಬಂದ ಅನಂತರಾಮ್ ಕೈಗೆ ಕೆಲಸದಿಂದ ತೆಗೆದ ಲೆಟರ್ ಕೊಟ್ಟರು. ಹದಿನಾರು ವರ್ಷದ ಕೆಲಸ, ಒಂದು ರಟ್ಟಿನ ಡಬ್ಬ ಹಿಡಿದು ಮನೆಗೆ ಬಂದರು. ಅವತ್ತು ಸಂಜೆ ನಾನು ನಿನ್ನ ಅಡುಗೆಮನೆಗೆ ಬಂದು ಅತ್ತೆ. ಇಡೀ ಸಿಂಗಪುರದಲ್ಲಿ ನಿನಗೊಬ್ಬಳಿಗೇ ಹೇಳಿದ್ದೆ. ಸಂಕೇತ್‌ಗೂ ಹೇಳಿರಲಿಲ್ಲ, ಮೆಲ್ಬರ್ನಿನಲ್ಲಿ ಅವನಿಗೆ ಪರೀಕ್ಷೆ ಇತ್ತು, ಮುಗಿದ ಮೇಲೆ ಅವರೇ ಹೇಳಬೇಕೆಂದಿದ್ದರು. ಮರುದಿನ ಬೆಳಿಗ್ಗೆ ಇನ್ನೂರ ಮೂವತ್ತು ಜನರ ಗ್ರೂಪಿನಲ್ಲಿ ನೀನು ಹಾಕಿದ ಮೆಸೇಜು ನನಗೆ ಬಾಯಿಪಾಠ ಬರುತ್ತದೆ. "ಪಾಪ, ನಮ್ಮ ಮೈಥಿಲಿಯ ಹಸ್ಬೆಂಡ್ ಅನಂತರಾಮ್ ಅವರ ಜಾಬ್ ಹೋಗಿದೆ. ತುಂಬಾ ಕಷ್ಟದಲ್ಲಿದ್ದಾರೆ. ಯಾರ ಕಂಪನಿಯಲ್ಲಾದರೂ ಓಪನಿಂಗ್ ಇದ್ದರೆ ದಯವಿಟ್ಟು ತಿಳಿಸಿ." ಅದರ ಕೆಳಗೆ ನಲವತ್ತೊಂದು ಕೈಮುಗಿದ ಚಿತ್ರಗಳು. ಎಣಿಸಿದ್ದೇನೆ.

ಯಾರೋ ಅದನ್ನು ಸಂಕೇತ್‌ಗೆ ಫಾರ್ವರ್ಡ್ ಮಾಡಿದರು. ಹುಡುಗ ಫೋನ್ ಮಾಡಿ, "ಅಪ್ಪಾ, ನಾನು ಕಾಲೇಜ್ ಬಿಟ್ಟು ಬಂದುಬಿಡ್ಲಾ?" ಎಂದ. ಅವರು ಬೇಡ ಎಂದಷ್ಟೇ ಹೇಳಿ ಫೋನ್ ಇಟ್ಟು, ಬಾತ್‌ರೂಮಿಗೆ ಹೋಗಿ ನಲ್ಲಿ ಬಿಟ್ಟುಕೊಂಡು ಕೂತರು. ನಾನು ಹೊರಗೆ ನಿಂತಿದ್ದೆ.

ಕೆಲಸ ಹೋಗಿದೆ ಎಂದು ಬರೆದದ್ದಕ್ಕೆ ನನಗೆ ಇಷ್ಟು ಸಿಟ್ಟಿಲ್ಲ. ಕೆಲಸ ಹೋಗಿದ್ದು ನಿಜ. ಆ ಮೊದಲ ಪದ. ಎರಡೇ ಅಕ್ಷರ. ಅದನ್ನು ಹಚ್ಚಿದ ಮೇಲೆ ಅವರು ಅನಂತರಾಮ್ ಆಗಿ ಉಳಿಯಲಿಲ್ಲ, ಪಾಪ ಆದರು. ದೇವಸ್ಥಾನಕ್ಕೆ ಹೋದರೆ ಜನ ತಲೆ ಒಂದು ಪಕ್ಕಕ್ಕೆ ವಾಲಿಸಿ, "ಹೇಗಿದೀರಾ ಸರ್?" ಎಂದು ಮೆತ್ತಗೆ ಕೇಳಿದರು, ಯಾರೋ ತೀರಿಕೊಂಡ ಮನೆಯವರನ್ನು ಕೇಳುವ ಹಾಗೆ. ಅವರು ಹೊರಗೆ ಹೋಗುವುದನ್ನೇ ಬಿಟ್ಟರು. ನಾವು ಪಾಸಿರ್ ರಿಸ್ ಬಿಟ್ಟಿದ್ದು ಬಾಡಿಗೆಗಾಗಿ ಎಂದು ನೀನು ಅಂದುಕೊಂಡಿರಬಹುದು. ಅಲ್ಲ.

ಈಗ ಅವರು ಏನು ಮಾಡುತ್ತಿದ್ದಾರೆ ಎಂದು ಕೇಳಬೇಡ. ಹೇಳುವುದಿಲ್ಲ.

ಇನ್ನು ಹಾಳೆ. ಇದನ್ನು ನಿನಗೋಸ್ಕರ ಬರೆಯುತ್ತಿಲ್ಲ, ಮೈದಾ ದಂಡವಾಗುತ್ತದಲ್ಲ ಎಂದು ಬರೆಯುತ್ತಿದ್ದೇನೆ. ಮೂರು ಲೋಟ ಮೈದಾ, ಎರಡು ಚಮಚ ಎಣ್ಣೆ, ಒಂದು ಚಮಚ ವಿನೆಗರ್, ಉಗುರುಬೆಚ್ಚನೆ ನೀರು. ಕಿವಿಯ ಹಾಲೆಯಷ್ಟು ಮೆತ್ತಗಾಗುವವರೆಗೆ ನಾದು. ಒದ್ದೆ ಬಟ್ಟೆ ಮುಚ್ಚಿ ಎರಡು ಗಂಟೆ ಬಿಡು. ನೀನು ಹತ್ತು ನಿಮಿಷ ಬಿಟ್ಟಿರುತ್ತೀಯ. ಎಸಿ ಹಾಕು, ಈ ಊರಿನ ಸೆಕೆಗೆ ಹಾಳೆ ಹಾಳೆಗೆ ಅಂಟುತ್ತದೆ. ನಿಂಬೆಗಾತ್ರದ ಉಂಡೆ, ಕಾರ್ನ್‌ಫ್ಲೋರ್ ಉದುರಿಸಿ ಸಣ್ಣ ಲಟ್ಟಣಿಗೆಯಲ್ಲಿ ಲಟ್ಟಿಸು, ಆಮೇಲೆ ಹಾಳೆಯನ್ನು ಲಟ್ಟಣಿಗೆಗೇ ಸುತ್ತಿ ಎರಡೂ ಕೈಯಲ್ಲಿ ಅಂಚಿನ ಕಡೆ ಸವರುತ್ತಾ ಹೋಗು. ಚಿರೋಟಿಗೆ ತುಪ್ಪ ಅಕ್ಕಿಹಿಟ್ಟು ಕಲಸಿದ ಸಾಟಿ ಹಚ್ಚುತ್ತೇವಲ್ಲ, ಇದಕ್ಕೆ ಅದು ಬೇಡ, ಬಿರುಸಾಗುತ್ತದೆ. ಹಾಳೆ ಹಾಳೆಗೆ ಬರೀ ಕರಗಿಸಿದ ಬೆಣ್ಣೆ. ಓವನ್ನಿಗೆ ಇಡುವ ಮೊದಲೇ ಮೇಲಿನ ಪದರಗಳಿಗೆ ಚಾಕುವಿನಲ್ಲಿ ಗೆರೆ ಹಾಕು, ಬೆಂದ ಮೇಲೆ ಕೊಯ್ಯಲು ಹೋದರೆ ಪುಡಿಪುಡಿ.

ತೆಳ್ಳಗಾಯಿತೋ ಇಲ್ಲವೋ ತಿಳಿಯಲು, ಹಾಳೆಯ ಕೆಳಗೆ ಈ ಪತ್ರ ಇಡು. ನನ್ನ ಅಕ್ಷರ ಓದಲು ಬಂದರೆ ಆಯಿತೆಂದು ಲೆಕ್ಕ.

ಮೈಥಿಲಿ


ಪಾಸಿರ್ ರಿಸ್
30 ಮಾರ್ಚ್ 2025

ಮೈಥಿಲಿ,

ನಿನ್ನ ಪತ್ರವನ್ನು ಪ್ಲಾಸ್ಟಿಕ್ ಕವರಿನಲ್ಲಿ ಹಾಕಿ ಅಡುಗೆ ಕಟ್ಟೆಯ ಮೇಲೆ ಇಟ್ಟು ಲಟ್ಟಿಸಿದೆ. ಮೊದಲನೇ ಹಾಳೆಯಲ್ಲಿ ಏನೂ ಕಾಣಲಿಲ್ಲ. ಮೂರನೆಯದರಲ್ಲಿ ನಿನ್ನ ಗೆರೆಗಳು ಮಸುಕಾಗಿ ಇರುವೆ ಸಾಲಿನಂತೆ ಕಂಡವು. ಏಳನೆಯದನ್ನು ಹಾಸಿದಾಗ 'ನಲ್ಲಿ ಬಿಟ್ಟುಕೊಂಡು ಕೂತರು' ಎನ್ನುವುದು ಸ್ಪಷ್ಟವಾಗಿ ಓದಲು ಬಂತು. ಪತ್ರ ಬಂದ ದಿನ ಅದನ್ನು ಓದಿ ನನಗೆ ಸಿಟ್ಟು ಬಂದಿತ್ತು, ಇಷ್ಟಕ್ಕೆಲ್ಲ ಇಷ್ಟಾ ಎಂದು. ಹಿಟ್ಟಿನ ಆಚೆಯಿಂದ ಓದಿದಾಗ ಸಿಟ್ಟು ಬರಲಿಲ್ಲ. ಲಟ್ಟಣಿಗೆ ಅಲ್ಲೇ ಬಿಟ್ಟು ಕೂತುಬಿಟ್ಟೆ.

ಜನವರಿಯಲ್ಲಿ 'ಒಳ್ಳೆಯದಕ್ಕೇ ಮಾಡಿದ್ದು' ಎಂದು ಬರೆದೆನಲ್ಲ, ಅದು ಸುಳ್ಳು. ಪೂರ್ತಿ ಸುಳ್ಳಲ್ಲ, ಮುಕ್ಕಾಲು. ಕೆಲಸ ಸಿಗಲಿ ಎಂಬ ಆಸೆ ಇತ್ತು, ಅದು ಕಾಲು ಭಾಗ. ಮಿಕ್ಕಿದ್ದನ್ನು ಹೇಳುತ್ತೇನೆ, ಹೇಳಿದ ಮೇಲೆ ನೀನು ಇನ್ನೆಂದೂ ಬರೆಯದಿದ್ದರೂ ಸರಿ. ನಿನ್ನ ಚಿರೋಟಿ, ನಿನ್ನ ಕಾಗುಣಿತ, ನಿನ್ನ ಮಗನ ಮಾರ್ಕ್ಸು, ಎಲ್ಲದರಲ್ಲೂ ನೀನು ನನಗಿಂತ ಒಂದು ಕೈ ಮೇಲೆ. ನಿನ್ನ ಮನೆಯಿಂದ ಯಾವಾಗಲೂ ತುಂಬಿದ ಡಬ್ಬ ಬರುತ್ತಿತ್ತು, ನನ್ನ ಮನೆಯಿಂದ ತೊಳೆದ ಡಬ್ಬ ಹೋಗುತ್ತಿತ್ತು. ನೀನು ಅಳುತ್ತಾ ನನ್ನ ಅಡುಗೆಮನೆಗೆ ಬಂದ ದಿನ ಮೊದಲ ಸಲ ನಾನು ಕೊಡುವವಳಾದೆ. ಮರುದಿನ ಬೆಳಿಗ್ಗೆ ಆ ಪದ ಟೈಪ್ ಮಾಡುವಾಗ ಒಳಗೊಳಗೇ ಹಿತವಾಗಿತ್ತು, ಮೈಥಿಲಿ. ನಲವತ್ತೊಂದು ಎಂದು ಎಣಿಸಿದವಳು ನೀನೊಬ್ಬಳೇ ಅಲ್ಲ. ನಾನೂ ಎಣಿಸಿದ್ದೆ.

ತಪ್ಪಾಯಿತು. ನಿನ್ನ ದುಃಖವನ್ನು ನಾನು ನನ್ನ ದೊಡ್ಡಸ್ತಿಕೆಗೆ ಬಳಸಿಕೊಂಡೆ. ಅನಂತರಾಮ್ ಅವರಿಗೂ ಸಂಕೇತ್‌ಗೂ ಇದನ್ನು ಹೇಳಬೇಕೆನಿಸಿದರೆ ಹೇಳು, ಬೇಡವೆನಿಸಿದರೆ ಬೇಡ.

ಮೇಡಂ ಚೂಗೆ ಇವತ್ತು ಹೋಗಿ ಹೇಳಿಬಂದೆ, ಚಿರೋಟಿ ಮಾಡುವುದು ನಾನಲ್ಲ, ನನ್ನ ಸ್ನೇಹಿತೆ, ನಾನು ಅಂಗಡಿ ಹಾಳೆಯಲ್ಲೇ ಪೈ ಮಾಡಿ ತರುತ್ತೇನೆ ಎಂದು. "ಕ್ಯಾನ್, ಕ್ಯಾನ್, ನೋ ಪ್ರಾಬ್ಲಂ," ಎಂದರು. ಪಾರ್ಟಿ ಮೇ 17ರ ಶನಿವಾರ ಮಧ್ಯಾಹ್ನ. ನಿನ್ನನ್ನು ಕರೆಯುವ ಧೈರ್ಯ ನನಗಿಲ್ಲ, ತಾರೀಕು ಬರೆದಿದ್ದೇನೆ ಅಷ್ಟೆ.

ಪದ್ಮಿನಿ


ಟೋವಾ ಪಾಯೋ
27 ಏಪ್ರಿಲ್ 2025

ಪದ್ಮಿನಿ,

ಅಂಗಡಿ ಹಾಳೆ ಬೇಡ. 17ರ ಬೆಳಿಗ್ಗೆ ಏಳಕ್ಕೆ ಬರುತ್ತೇನೆ. ಹಿಟ್ಟು ನಾದಿ, ಬೆಣ್ಣೆ ಕರಗಿಸಿ, ಎಸಿ ಹಾಕಿ ಇಟ್ಟಿರು. ಲಟ್ಟಿಸಲು ಬರುತ್ತಿದ್ದೇನೆ, ಮಾತಾಡಲು ಅಲ್ಲ.

ಮೈಥಿಲಿ


ಟೋವಾ ಪಾಯೋ
21 ಮೇ 2025

ಪದ್ದಿ,

ಕೈ ಇನ್ನೂ ನೋಯುತ್ತಿದೆ. ಇಪ್ಪತ್ತೆರಡು ಹಾಳೆ! ಮಾತಾಡಲು ಅಲ್ಲ ಎಂದು ಬರೆದವಳು ನಾನೇ, ಮಧ್ಯಾಹ್ನದ ಹೊತ್ತಿಗೆ ಗಂಟಲು ಕಟ್ಟಿದ್ದೂ ನನ್ನದೇ. ಮೊದಲ ಮುಕ್ಕಾಲು ಗಂಟೆ ನಾವಿಬ್ಬರೂ 'ಬೆಣ್ಣೆ', 'ಹಿಟ್ಟು', 'ಸರಿ' ಬಿಟ್ಟು ಬೇರೆ ಪದ ಆಡಲಿಲ್ಲ. ದಿಶಾ ಹಲ್ಲುಜ್ಜುತ್ತಾ ಬಂದು, "ಯಾಕೆ ಇಬ್ರೂ ಲೈಬ್ರರಿ ಥರ ಇದೀರಾ? ಸೋ ಸ್ಕೇರಿ ಲಾ," ಎನ್ನದಿದ್ದರೆ ಇವತ್ತಿಗೂ ಹಾಗೇ ಇರುತ್ತಿದ್ದೆವೇನೋ. ನೀನು ನಗಲು ಶುರು ಮಾಡಿ ಬೆಣ್ಣೆಯ ಬ್ರಶ್ಶನ್ನು ನಿನ್ನ ಯಜಮಾನರು ಗುರುಮೂರ್ತಿಯವರ ಕಾಫಿಗೆ ಬೀಳಿಸಿದ್ದು, ಅವರು ಅದನ್ನು ಹಾಗೇ ಕುಡಿದು "ಇವತ್ತು ಕಾಫಿ ಗಟ್ಟಿಯಾಗಿದೆ" ಎಂದದ್ದು, ನಾನು ನೆನೆಸಿಕೊಂಡು ಎಂಆರ್‌ಟಿ ರೈಲಿನಲ್ಲಿ ಒಬ್ಬಳೇ ನಕ್ಕೆ. ಎದುರಿಗೆ ಕೂತ ಹುಡುಗಿ ಬೇರೆ ಸೀಟಿಗೆ ಹೋದಳು.

ಪೈ ಚೆನ್ನಾಗಿತ್ತು. ಇದನ್ನು ನಾನು ಸುಮ್ಮನೆ ಹೇಳುವವಳಲ್ಲ ಎಂದು ನಿನಗೆ ಗೊತ್ತು. ಮೇಲಿನ ಪದರ ಹೊಂಬಣ್ಣಕ್ಕೆ ತಿರುಗಿತ್ತು, ಚಾಕು ಇಟ್ಟರೆ ಗರಗರ ಅಂದಿತು, ಒಳಗೆ ಸಬ್ಬಸಿಗೆ ಘಮ್ಮೆನ್ನುತ್ತಿತ್ತು. ಉಪ್ಪು ಸರಿಯಾಗಿತ್ತು. ಅಂಚಿನಲ್ಲಿ ಬೆಣ್ಣೆ ಸ್ವಲ್ಪ ಜಾಸ್ತಿ, ಅದು ನಿನ್ನ ಕೈ. ಮೇಡಂ ಚೂ ಮೂರು ತುಂಡು ತಿಂದು ನಾಲ್ಕನೆಯದನ್ನು ಟಿಶ್ಯೂನಲ್ಲಿ ಸುತ್ತಿಕೊಂಡು ಹೋದರು, ನಾನು ನೋಡಿದೆ.

ಆದರೆ ಈ ಪತ್ರ ಪೈಗಾಗಿ ಬರೆಯುತ್ತಿಲ್ಲ.

ನಿಮ್ಮ ಪಕ್ಕದ ಬ್ಲಾಕಿನ ವರ್ಷಾ, ಗ್ರೂಪಿನ ಅಡ್ಮಿನ್, ತಟ್ಟೆ ಹಿಡಿದುಕೊಂಡು ನಿನ್ನ ಹತ್ತಿರ ಬಂದಳು. ನಾನು ಕಂಬದ ಹಿಂದೆ ಕೈ ಒರೆಸಿಕೊಳ್ಳುತ್ತಿದ್ದೆ, ಅವಳಿಗೆ ಕಾಣಿಸಲಿಲ್ಲ, ನಿನಗೂ ಕಾಣಿಸಲಿಲ್ಲ. ಅವಳು ದನಿ ತಗ್ಗಿಸಿ, "ಮೈಥಿಲಿ ಬಂದಿದಾರಲ್ಲ. ಅವರ ಹಸ್ಬೆಂಡ್ ಕಥೆ ಏನಾಯ್ತು ಪದ್ಮಿನಿ? ಇನ್ನೂ ಮನೇಲೇನಾ?" ಎಂದಳು. ನಿನ್ನ ಬಾಯಿ ತೆರೆಯಿತು, ನೋಡಿದೆ. ಆಮೇಲೆ ನೀನು ಒಂದು ದೊಡ್ಡ ತುಂಡು ಎತ್ತಿ ಅವಳ ತಟ್ಟೆಗೆ ಹಾಕಿ, "ಆರಿಹೋಗತ್ತೆ, ತಿನ್ನಿ. ಅವರ ವಿಷಯ ಅವರನ್ನೇ ಕೇಳಬೇಕು, ನಾನ್ಯಾರು ಹೇಳೋಕೆ?" ಎಂದೆ. ನಿನಗೆ ಗೊತ್ತಿರಲಿಲ್ಲ, ಅದಕ್ಕೇ ಹೇಳಲಿಲ್ಲ ಎನ್ನಬಹುದು. ಆದರೆ ಗೊತ್ತಿಲ್ಲದಿದ್ದರೂ ಹೇಳುವವಳು ನೀನು, ಇಪ್ಪತ್ತು ವರ್ಷದಿಂದ ನೋಡಿದ್ದೇನೆ.

ಮನೆಗೆ ಬಂದು ನಾಲ್ಕು ದಿನ ಯೋಚನೆ ಮಾಡಿದೆ. ಈಗ ಹೇಳುತ್ತೇನೆ.

ಅನಂತರಾಮ್ ಬಸ್ ಓಡಿಸಲು ಕಲಿತಿದ್ದಾರೆ. ಆಟಕ್ಕಲ್ಲ. ಜನ ಹತ್ತಿ ಇಳಿಯುವ ಊರಿನ ಬಸ್ಸು. ಟ್ರೇನಿಂಗ್ ಮುಗಿಯಿತು, ಲೈಸೆನ್ಸ್ ಪರೀಕ್ಷೆಯಲ್ಲಿ ಎರಡು ಸಲ ಫೇಲ್, ಮೂರನೇ ಸಲ ಪಾಸ್. ಐವತ್ತಮೂರನೇ ವಯಸ್ಸಿನಲ್ಲಿ. ಜೂನ್ ಎರಡು, ಸೋಮವಾರ ಮೊದಲ ದಿನ. ನೂರಾ ಎಂಬತ್ತು ಕಡೆ ಅರ್ಜಿ ಹಾಕಿ, ನಾಲ್ಕು ಕಡೆ ಇಂಟರ್‌ವ್ಯೂ ಕೊಟ್ಟು, ಒಂದು ದಿನ ಬಸ್‌ಸ್ಟಾಪಿನಲ್ಲಿ ಡ್ರೈವರ್ ಬೇಕು ಎನ್ನುವ ಬೋರ್ಡು ನೋಡಿಕೊಂಡು ಬಂದು, "ಮೈಥಿಲಿ, ನನಗೆ ಇದು ಮಾಡಬೇಕು ಅನ್ನಿಸ್ತಿದೆ, ಸಣ್ಣವನಿದ್ದಾಗಿಂದ ಆಸೆ," ಎಂದರು. ನಾನು ಸಿಟ್ಟಿನಲ್ಲಿ ಎರಡು ದಿನ ಬರೀ ಗಂಜಿ ಬಡಿಸಿದೆ. ಈಗ ಊಟ ಮಾಡುವಾಗ ತಟ್ಟೆಯನ್ನು ಎರಡೂ ಕೈಯಲ್ಲಿ ಹಿಡಿದು, ಇಷ್ಟುದ್ದದ ಗಾಡಿಯನ್ನು ಮೂಲೆಯಲ್ಲಿ ಹೇಗೆ ತಿರುಗಿಸಬೇಕು ಎಂದು ನನಗೆ ಪಾಠ ಮಾಡುತ್ತಾರೆ. ಅವರು ಇಷ್ಟು ಖುಷಿಯಾಗಿದ್ದದ್ದನ್ನು ನಾನು ಆ ಆಫೀಸಿನ ಹದಿನಾರು ವರ್ಷದಲ್ಲಿ ನೋಡಲಿಲ್ಲ.

ಸಂಕೇತ್‌ಗೆ ಅವರೇ ಹೇಳಿದ್ದಾರೆ, ಅವನು ಬಾಯಿ ಬಿಡುವುದಿಲ್ಲ ಎಂದು ಮಾತು ಕೊಟ್ಟಿದ್ದಾನೆ. ಮೈಸೂರಿನಲ್ಲಿ ನಮ್ಮ ಅತ್ತೆಯ ಲೆಕ್ಕದಲ್ಲಿ ಅವರಿನ್ನೂ ಮ್ಯಾನೇಜರ್. ಅವರಿಗೆ ನಾಚಿಕೆ ಇಲ್ಲ ಪದ್ದಿ, ನನಗಿದೆ. ನಾಚಿಕೆಯಾಗುತ್ತದಲ್ಲ ಎಂದು ನನ್ನ ಮೇಲೇ ಸಿಟ್ಟೂ ಇದೆ. ಯಾರಿಗಾದರೂ ಒಬ್ಬರಿಗೆ ಹೇಳದಿದ್ದರೆ ಒಡೆದುಹೋಗುತ್ತೇನೆ ಅನ್ನಿಸಿತು. ಯಾರಿಗೆ ಎಂದು ಯೋಚಿಸಿದರೆ ನಿನ್ನ ಮುಖ ಬಿಟ್ಟು ಬೇರೆ ಮುಖ ಬರಲಿಲ್ಲ, ಏನು ಮಾಡಲಿ?

ಹೇಳಿದ್ದೇನೆ. ಇನ್ನು ನೀನು ಏನನ್ನುತ್ತೀಯೋ ಎಂದು ಹೆದರಿಕೊಂಡೇ ಕಾಯುತ್ತಿದ್ದೇನೆ.

ನಿನ್ನ,
ಮೈಥಿಲಿ


ಪಾಸಿರ್ ರಿಸ್
24 ಮೇ 2025

ಮೈಥೂ,

ಪತ್ರ ಮಧ್ಯಾಹ್ನ ಬಂತು. ನಮ್ಮವರು "ಏನಂತೆ?" ಎಂದರು. "ಬೆಣ್ಣೆ ಜಾಸ್ತಿ ಆಯ್ತಂತೆ" ಎಂದೆ. ಮದುವೆಯಾಗಿ ಇಪ್ಪತ್ತಾರು ವರ್ಷದಲ್ಲಿ ಇವರಿಗೆ ಹೇಳದೆ ಇಟ್ಟುಕೊಂಡ ಮೊದಲ ಸುದ್ದಿ ಇದು. ಪತ್ರವನ್ನು ಅಕ್ಕಿ ಡಬ್ಬದ ತಳದಲ್ಲಿ ಹೂತಿದ್ದೇನೆ. ಹೊಟ್ಟೆ ಉಬ್ಬರಿಸುತ್ತಿದೆ, ಜೀರಿಗೆ ನೀರು ಕುಡಿದುಕೊಂಡಿದ್ದೇನೆ, ನನ್ನ ಚಿಂತೆ ಮಾಡಬೇಡ.

ಈಗ ನಾನು ಕೇಳುವುದಕ್ಕೆ ತಡಮಾಡದೆ ಉತ್ತರ ಬರೆ. ಯಾವ ನಂಬರ್ ಬಸ್ಸು? ಸೋಮವಾರ ಎಷ್ಟು ಗಂಟೆಗೆ ಹೊರಡುತ್ತದೆ, ಎಲ್ಲಿಂದ? ಒಂದು ಅಂತಸ್ತಿನದೋ ಎರಡೋ? ಎರಡಾದರೆ ಮೇಲೆ ಮುಂದಿನ ಸೀಟು ಚೆನ್ನ, ಆದರೆ ಅಲ್ಲಿ ಕೂತರೆ ಅವರು ತಿರುಗಿಸುವುದು ಕಾಣುವುದಿಲ್ಲ, ಆದ್ದರಿಂದ ನಾನು ಕೆಳಗೇ ಕೂರುತ್ತೇನೆ. ನಾನು ಬರುವುದನ್ನು ಅವರಿಗೆ ಹೇಳಬೇಡ, ನನ್ನ ಮುಖ ನೋಡಿ ನಕ್ಕು ಬ್ರೇಕು ಒತ್ತಿಬಿಟ್ಟಾರು.

ಒಳ್ಳೆಯ ರೇಷ್ಮೆ ಸೀರೆ ಉಟ್ಟು ಬರುತ್ತೇನೆ. ಎಲ್ಲೂ ಇಳಿಯುವುದಿಲ್ಲ, ಕೊನೆಯ ಸ್ಟಾಪಿನವರೆಗೂ ಹೋಗಿ ಅದೇ ಬಸ್ಸಿನಲ್ಲಿ ವಾಪಸು ಬರುತ್ತೇನೆ. ಪಕ್ಕದ ಸೀಟು ನಿನಗೆ ಹಿಡಿದಿರುತ್ತೇನೆ, ಎಲ್ಲಿ ಹತ್ತುತ್ತೀಯ ಹೇಳು.

ಪದ್ದಿ